ಪಂಡರಿಬಾಯಿ: ನಾಯಕಿಯ ಪಟ್ಟ, ತಾಯಿಯ ಪಾತ್ರ

ಪಂಡರಿಬಾಯಿ (ನಿಧನ: 2003) ಕನ್ನಡ ಚಿತ್ರರಂಗದ ಮೊದಲ ಘಟ್ಟದ ಮುಖ್ಯ ನಟಿ. ಕನ್ನಡ, ತಮಿಳು, ತೆಲುಗು, ಹಿಂದಿ ಭಾಷೆಗಳಲ್ಲಿ ಐದು ದಶಕಗಳ ಕಾಲ ದುಡಿದವರು. ರಾಜಕುಮಾರ್ ನಾಯಕರಾದ ಮೊದಲ ಚಿತ್ರಕ್ಕೂ ಶಿವಾಜಿ ಗಣೇಶನ್ ನಾಯಕರಾದ ಮೊದಲ ಚಿತ್ರಕ್ಕೂ ಅವರೇ ನಾಯಕಿ. ಇಷ್ಟಾದರೂ ಪ್ರೇಕ್ಷಕರ ನೆನಪಿನಲ್ಲಿ ಅವರು ಉಳಿದಿರುವುದು ತಾಯಿಯಾಗಿ, ಅತ್ತಿಗೆಯಾಗಿ, ಅಕ್ಕನಾಗಿ. ಅವರ ವೃತ್ತಿಯ ಹೆಚ್ಚಿನ ಭಾಗ ಪೋಷಕ ಪಾತ್ರಗಳಲ್ಲೇ ಕಳೆಯಿತು. ಆ ಪಾತ್ರಗಳ ಗುಣವನ್ನೂ ಅವುಗಳಿಗೆ ಚಿತ್ರರಂಗ ಹಾಕಿದ ಎಲ್ಲೆಯನ್ನೂ ಜೊತೆಯಾಗಿಟ್ಟು ನೋಡಿದರೆ ಮಾತ್ರ ಈ ನಟಿಯ ನಿಜವಾದ ಬೆಲೆ ತಿಳಿಯುತ್ತದೆ.

ಪಂಡರಿಬಾಯಿ ಹುಟ್ಟಿದ್ದು ಉತ್ತರ ಕನ್ನಡದ ಭಟ್ಕಳದಲ್ಲಿ. ಮನೆಯಲ್ಲಿ ಹರಿಕಥೆ, ನಾಟಕಗಳ ವಾತಾವರಣವಿತ್ತು. 1943ರಲ್ಲಿ ಕೆ. ಹಿರಣ್ಣಯ್ಯ ನಿರ್ದೇಶಿಸಿದ ‘ವಾಣಿ’ ಚಿತ್ರದ ಮೂಲಕ ಬೆಳ್ಳಿತೆರೆಗೆ ಬಂದಾಗ ಅವರಿನ್ನೂ ಹುಡುಗಿ. ಹರಿಕಥೆಯ ಸಂಸ್ಕಾರ ಅವರಿಗೆ ಕೊಟ್ಟದ್ದು ಮಾತಿನ ಶಿಸ್ತು. ಕಥೆ ಮಾಡುವವರು ಒಬ್ಬರೇ ನಿಂತು ಸಭೆಯ ಕೊನೆಯ ಸಾಲಿನವರೆಗೂ ಅಕ್ಷರ ಅಕ್ಷರ ಮುಟ್ಟುವಂತೆ ನುಡಿಯಬೇಕು. ದುಃಖದ ಮಾತನ್ನು ಗದ್ಗದದಲ್ಲಿ ಮುಳುಗಿಸಿಬಿಟ್ಟರೆ ಕೇಳುವವರಿಗೆ ಕಥೆಯೇ ತಪ್ಪಿಹೋಗುತ್ತದೆ. ಪಂಡರಿಬಾಯಿಯವರ ಅಳುವ ದೃಶ್ಯಗಳಲ್ಲೂ ಮಾತು ಒಡೆಯುವುದಿಲ್ಲ, ಪದ ನುಂಗಿಹೋಗುವುದಿಲ್ಲ. ಅವರ ಅಭಿನಯದ ಬುನಾದಿ ಇದು.

ಆ ಕಾಲದಲ್ಲಿ ಕನ್ನಡ ಚಿತ್ರಗಳು ತಯಾರಾಗುತ್ತಿದ್ದದ್ದು ಬಹುಪಾಲು ಮದ್ರಾಸಿನ ಸ್ಟುಡಿಯೋಗಳಲ್ಲಿ. ಕನ್ನಡ ಕಲಾವಿದರು ಅಲ್ಲಿ ಬಾಳಬೇಕಾದರೆ ಬೇರೆ ಭಾಷೆಗಳಲ್ಲೂ ದುಡಿಯಲೇಬೇಕಿತ್ತು. ಪಂಡರಿಬಾಯಿ ಎವಿಎಂ ಸಂಸ್ಥೆಯ ‘ಬಹಾರ್’ (1951) ಹಿಂದಿ ಚಿತ್ರದಲ್ಲಿ ನಟಿಸಿದರು. ಮರುವರ್ಷ ಕರುಣಾನಿಧಿಯವರ ಸಂಭಾಷಣೆಯಿದ್ದ ತಮಿಳಿನ ‘ಪರಾಶಕ್ತಿ’ ಬಂತು. ಶಿವಾಜಿ ಗಣೇಶನ್ ಅವರ ಆ ಮೊದಲ ಚಿತ್ರದಲ್ಲಿ, ಸಿಟ್ಟಿನಿಂದ ಕುದಿಯುವ ನಾಯಕನಿಗೆ ವಿವೇಕ ಹೇಳುವ ವಿಮಲಾ ಎಂಬ ವಿದ್ಯಾವಂತ ಯುವತಿಯ ಪಾತ್ರ ಅವರದು. ಗಂಡಿನ ಅಬ್ಬರದ ಮಾತಿಗೆ ಎದುರಾಗಿ ಹೆಣ್ಣು ತಗ್ಗಿದ ದನಿಯಲ್ಲಿ ಬುದ್ಧಿ ಹೇಳುವ ಈ ಜೋಡಣೆ ಮುಂದೆ ಅವರ ಅನೇಕ ಚಿತ್ರಗಳಲ್ಲಿ ಮರುಕಳಿಸಿತು. 1953ರಲ್ಲಿ ಎಚ್.ಎಲ್.ಎನ್. ಸಿಂಹ ನಿರ್ದೇಶನದ ‘ಗುಣಸಾಗರಿ’ ಕನ್ನಡದಲ್ಲಿ ಅವರನ್ನು ನಾಯಕಿಯಾಗಿ ನೆಲೆಗೊಳಿಸಿತು.

1954 ಅವರ ವೃತ್ತಿಯ ಶಿಖರ. ಆ ವರ್ಷ ಕೆಲವೇ ವಾರಗಳ ಅಂತರದಲ್ಲಿ ತೆರೆಕಂಡ ಎರಡು ಚಿತ್ರಗಳು ಅವರ ಶಕ್ತಿಯ ಎರಡು ತುದಿಗಳನ್ನು ತೋರಿಸುತ್ತವೆ. ಒಂದು ಕನ್ನಡದ ‘ಬೇಡರ ಕಣ್ಣಪ್ಪ’. ಸಿಂಹ ಅವರದೇ ನಿರ್ದೇಶನ. ರಾಜಕುಮಾರ್ ನಾಯಕರಾಗಿ ಕಾಣಿಸಿಕೊಂಡ ಮೊದಲ ಚಿತ್ರ. ಬೇಡ ದಿಣ್ಣನ ಹೆಂಡತಿ ನೀಲಾ ಪಂಡರಿಬಾಯಿಯವರ ಪಾತ್ರ. ಕಥೆಯ ಭಾರವೆಲ್ಲ ದಿಣ್ಣನ ಭಕ್ತಿಯ ಮೇಲಿದ್ದರೂ ಆ ಭಕ್ತಿಗೆ ಸಂಸಾರದ ನೆಲೆ ಒದಗಿಸುವವಳು ನೀಲಾ. ಊರು ಬಿಟ್ಟು ಅಲೆಯುವ ಬಡತನದಲ್ಲಿ ಗಂಡನ ನೆರಳಾಗಿ ನಡೆಯುವ ಈ ಹೆಣ್ಣನ್ನು ಅವರು ಪುರಾಣದ ಪತಿವ್ರತೆಯ ಗತ್ತಿನಲ್ಲಿ ಆಡಿಲ್ಲ. ಬೇಟೆಗೆ ಹೋದವನ ದಾರಿ ಕಾಯುವ, ಒಲೆಯ ಚಿಂತೆ ಇರುವ, ಗಂಡನನ್ನು ಗದರಲೂ ಬಲ್ಲ ಮನೆಯ ಹೆಂಗಸಾಗಿಯೇ ಆಡಿದ್ದಾರೆ.

ಇನ್ನೊಂದು ಎಸ್. ಬಾಲಚಂದರ್ ನಿರ್ದೇಶಿಸಿದ ತಮಿಳಿನ ‘ಅಂದ ನಾಳ್’. ಹಾಡಿಲ್ಲದೆ ಚಿತ್ರವೇ ಇಲ್ಲ ಎಂಬಂತಿದ್ದ ದಿನಗಳಲ್ಲಿ ಒಂದೂ ಹಾಡಿಲ್ಲದೆ ತಯಾರಾದ ಪತ್ತೇದಾರಿ ಚಿತ್ರ ಅದು. ಎರಡನೆಯ ಮಹಾಯುದ್ಧದ ಕಾಲದಲ್ಲಿ ಮದ್ರಾಸಿನ ಮೇಲೆ ಬಾಂಬು ಬಿದ್ದ ಮರುದಿನ ರೇಡಿಯೋ ಎಂಜಿನಿಯರ್ ಒಬ್ಬ ಗುಂಡೇಟಿನಿಂದ ಸತ್ತುಬಿದ್ದಿರುತ್ತಾನೆ. ಹೆಂಡತಿ, ತಮ್ಮ, ತಮ್ಮನ ಹೆಂಡತಿ, ನೆರೆಯವ, ಪ್ರೇಯಸಿ, ಎಲ್ಲರ ಮೇಲೂ ಅನುಮಾನ. ಗಂಡ ಶತ್ರುದೇಶದ ಗೂಢಚಾರನೆಂದು ತಿಳಿದ ಹೆಂಡತಿ ಉಷಾಳ ಕೈಯಲ್ಲಿದ್ದ ಪಿಸ್ತೂಲಿನಿಂದಲೇ ಗುಂಡು ಹಾರಿದ್ದೆಂದು ಕೊನೆಗೆ ತಿಳಿಯುತ್ತದೆ. ಈ ಉಷಾ ಪಂಡರಿಬಾಯಿ. ಚಿತ್ರದ ಬಹುಭಾಗ ಆಕೆ ಗಂಡನನ್ನು ಕಳೆದುಕೊಂಡ ಹೆಂಗಸು. ಆ ದುಃಖ ಸುಳ್ಳಲ್ಲ. ಆದರೆ ಅದೇ ಮುಖದಲ್ಲಿ ಬಚ್ಚಿಟ್ಟ ಸತ್ಯವೂ ಇರಬೇಕು, ಮತ್ತು ಅದು ನೋಡುವವರ ಕಣ್ಣಿಗೆ ಮುಂಚಿತವಾಗಿ ಬೀಳಬಾರದು. ಈ ಹದ ಅವರಿಗೆ ಸಿದ್ಧಿಸಿದೆ. ಪತಿಭಕ್ತಿಗೂ ದೇಶಭಕ್ತಿಗೂ ನಡುವೆ ಸಿಕ್ಕಿಬಿದ್ದ ಹೆಣ್ಣನ್ನು ಇಷ್ಟು ಗಟ್ಟಿಯಾಗಿ ಬರೆದ ಪಾತ್ರ ಆ ದಶಕದ ದಕ್ಷಿಣದ ಚಿತ್ರಗಳಲ್ಲಿ ಅಪರೂಪ. ಪಂಡರಿಬಾಯಿಯವರಿಗೆ ಮುಂದೆ ಸಿಕ್ಕ ಪಾತ್ರಗಳನ್ನು ಅಳೆಯಲು ಉಷಾ ಒಂದು ಅಳತೆಗೋಲು.

ನಟನೆಯ ಜೊತೆಗೆ ಅವರು ನಿರ್ಮಾಣಕ್ಕೂ ಕೈಹಾಕಿದರು. 1955ರ ‘ಸಂತ ಸಖು’ ಅವರ ನಿರ್ಮಾಣದ ಚಿತ್ರ. ತಂಗಿ ಮೈನಾವತಿ ಚಿತ್ರರಂಗಕ್ಕೆ ಬಂದದ್ದೂ ಇದರ ಮೂಲಕವೇ. ಅತ್ತೆಮನೆಯ ಕಾಟ ತಾಳಿಕೊಂಡು, ವಿಠ್ಠಲನ ದರ್ಶನಕ್ಕಾಗಿ ಹಂಬಲಿಸಿ ಪಂಢರಪುರಕ್ಕೆ ಹೊರಟ ಸೊಸೆಯ ಕಥೆ ಅದು. ಅವಳು ಹಿಂತಿರುಗುವವರೆಗೆ ಪಾಂಡುರಂಗನೇ ಅವಳ ರೂಪ ತಾಳಿ ಮನೆಗೆಲಸ ಮಾಡಿದನೆಂಬುದು ಐತಿಹ್ಯ. ಬೀಸುವ, ಕುಟ್ಟುವ, ನೀರು ಹೊರುವ ಹೆಂಗಸಿನ ದುಡಿಮೆಗೆ ದೇವರೇ ಹೆಗಲು ಕೊಡುವ ಕಥೆಯನ್ನು ಒಬ್ಬ ನಟಿ ತನ್ನ ಹಣ ಹೂಡಿ ತೆರೆಗೆ ತಂದಳೆಂಬುದು ಗಮನಿಸಬೇಕಾದ ಸಂಗತಿ. ಮುಂದೆ ಗೃಹಿಣಿಯ ಪಾತ್ರಗಳಲ್ಲಿ ಅವರು ತೋರಿದ ಸಹನೆಯ ಮೊದಲ ಕರಡು ಈ ಆಯ್ಕೆಯಲ್ಲೇ ಇದೆ.

1957ರ ‘ರಾಯರ ಸೊಸೆ’ಯ ಹೊತ್ತಿಗೆ ಕನ್ನಡ ಚಿತ್ರ ಪುರಾಣದಿಂದ ಸಂಸಾರದ ಕಡೆಗೆ ನಿಧಾನವಾಗಿ ಹೊರಳುತ್ತಿತ್ತು. ಹೊಸ ನಾಯಕಿಯರೂ ಬರತೊಡಗಿದ್ದರು. ಪಂಡರಿಬಾಯಿ ಮೂವತ್ತರ ಅಂಚಿಗೆ ಬರುತ್ತಿದ್ದಂತೆಯೇ ಅವರ ಪಾತ್ರಗಳ ವಯಸ್ಸು ಒಮ್ಮೆಲೇ ಏರಿತು. 1959ರ ಹಿಂದಿ ಚಿತ್ರ ‘ಪೈಗಾಂ’ನಲ್ಲಿ ಅವರು ಮನೆಯ ಹಿರಿಯ ಸೊಸೆ. 1965ರ ‘ಎಂಗ ವೀಟ್ಟು ಪಿಳ್ಳೈ’ಯಲ್ಲಿ ಎಂ.ಜಿ. ರಾಮಚಂದ್ರನ್ ಅವರ ಅಕ್ಕ. 1968ರ ‘ಕುಡಿಯಿರುಂದ ಕೋಯಿಲ್’ನಲ್ಲಿ ಅವರ ತಾಯಿ. ಎಂ.ಜಿ.ಆರ್. ಹುಟ್ಟಿದ್ದು 1917ರಲ್ಲಿ. ತನಗಿಂತ ಹತ್ತಕ್ಕೂ ಹೆಚ್ಚು ವರ್ಷ ದೊಡ್ಡವನಾದ ನಟನಿಗೆ ತಾಯಿಯಾಗುವಾಗ ಪಂಡರಿಬಾಯಿಯವರಿಗೆ ನಲವತ್ತೂ ತುಂಬಿರಲಿಲ್ಲ.

ಕನ್ನಡದಲ್ಲಿ ಅವರ ಪೋಷಕ ಪಾತ್ರಗಳ ಉತ್ತಮ ಮಾದರಿ ‘ಬೆಳ್ಳಿಮೋಡ’ (1967). ತ್ರಿವೇಣಿಯವರ ಕಾದಂಬರಿಯನ್ನು ಆಧರಿಸಿ ಪುಟ್ಟಣ್ಣ ಕಣಗಾಲ್ ನಿರ್ದೇಶಿಸಿದ ಈ ಚಿತ್ರ ಕಲ್ಪನಾ ಅವರ ಇಂದಿರೆಯಿಂದ ಹೆಸರಾಯಿತು. ಆಸ್ತಿವಂತರ ಒಬ್ಬಳೇ ಮಗಳೆಂದು ಇಂದಿರೆಯನ್ನು ಮದುವೆಯಾಗಲು ಒಪ್ಪಿದ ಮೋಹನ, ಅವಳ ತಾಯಿಗೆ ತಡವಾಗಿ ಗಂಡುಮಗು ಹುಟ್ಟಿದಾಗ ಹಿಂದೆ ಸರಿಯುತ್ತಾನೆ. ಕಥೆಯ ಕೀಲು ಇರುವುದು ತಾಯಿಯ ಬಸಿರಿನಲ್ಲಿ. ಮದುವೆಗೆ ಬಂದ ಮಗಳಿರುವ ಮನೆಯಲ್ಲಿ ತಾನೇ ಬಸುರಿಯಾಗುವ ಹೆಂಗಸಿಗೆ ಸಂಕೋಚ, ವಂಶೋದ್ಧಾರದ ಸಂಭ್ರಮ, ಜೀವದ ಭಯ ಮೂರೂ ಇರುತ್ತವೆ. ಆ ತಾಯಿಯಾಗಿ ಪಂಡರಿಬಾಯಿ ಈ ಮೂರನ್ನೂ ಒಂದರೊಳಗೊಂದು ಬೆರೆಸಿ ತೋರುತ್ತಾರೆ. ಹೆತ್ತ ಮೇಲೆ ಆಕೆ ತೀರಿಕೊಳ್ಳುತ್ತಾಳೆ. ಮಗುವಿನ ಹೊಣೆ ಮಗಳ ಮಡಿಲಿಗೆ ಬೀಳುತ್ತದೆ. ಇಂದಿರೆಯ ಮುಂದಿನ ದೃಢತೆ ನಂಬುವಂತಾಗುವುದು ಈ ತಾಯಿಯ ನೋವು ನಿಜವೆನ್ನಿಸಿದ್ದರಿಂದ. ಪೋಷಕ ಪಾತ್ರವೊಂದು ಇಡೀ ಕಥೆಯನ್ನು ಹೊರುವುದೆಂದರೆ ಇದೇ.

ತಮಿಳಿನಲ್ಲಿ ಅವರಿಗೆ ಇದಕ್ಕಿಂತ ಕಠಿಣವಾದ ಪರೀಕ್ಷೆ ಒದಗಿದ್ದು ‘ದೈವಮಗನ್’ (1969) ಚಿತ್ರದಲ್ಲಿ. ಅದರಲ್ಲಿ ಶಿವಾಜಿ ಗಣೇಶನ್ ಅವರಿಗೆ ಮೂರು ಪಾತ್ರ: ವಿಕೃತ ಮುಖದ ತಂದೆ, ಅವನಂತೆಯೇ ಹುಟ್ಟಿ ಮನೆಯಿಂದ ದೂರವಾದ ಹಿರಿಯ ಮಗ, ಸುಂದರನಾದ ಕಿರಿಯ ಮಗ. ಪಂಡರಿಬಾಯಿ ಒಬ್ಬನಿಗೆ ಹೆಂಡತಿ, ಇಬ್ಬರಿಗೆ ತಾಯಿ. ಒಬ್ಬನೇ ನಟನ ಮೂರು ಮುಖಗಳೆದುರು ಮೂರು ಬಗೆಯ ಪ್ರೀತಿಯನ್ನು ಬೇರೆಬೇರೆಯಾಗಿ ಕಾಣಿಸಬೇಕಾದ ಪಾತ್ರ ಅದು. ಶಿವಾಜಿಯವರ ಸಾಹಸ ನೋಡುವವರಿಗೆ ನಿಜವೆನ್ನಿಸಲು ಎದುರಿಗಿದ್ದ ನಟಿಯ ನೋಟವೂ ಕಾರಣ. ಗಂಡನ ಮುಖವನ್ನು ಆಕೆ ಅಸಹ್ಯವಿಲ್ಲದೆ ನೋಡುವುದರಿಂದಲೇ ಪ್ರೇಕ್ಷಕರೂ ಹಾಗೆ ನೋಡಲು ಕಲಿಯುತ್ತಾರೆ. 1973ರ ‘ಗೌರವಂ’ನಲ್ಲಿ ಹಟಮಾರಿ ಬ್ಯಾರಿಸ್ಟರನ ಹೆಂಡತಿಯಾಗಿ ಮತ್ತೆ ಶಿವಾಜಿಯವರ ಎದುರು ನಿಂತಾಗಲೂ, ಅಬ್ಬರಕ್ಕೆ ಅಬ್ಬರದ ಉತ್ತರ ಕೊಡದೆ ತಗ್ಗಿದ ದನಿಯಿಂದಲೇ ದೃಶ್ಯವನ್ನು ಸರಿದೂಗಿಸಿದರು.

ಅವರ ವೃತ್ತಿಯ ವರ್ತುಲ ಪೂರ್ಣವಾದದ್ದು ‘ಅನುರಾಗ ಅರಳಿತು’ (1986) ಚಿತ್ರದಲ್ಲಿ. ಎಚ್.ಜಿ. ರಾಧಾದೇವಿಯವರ ಕಾದಂಬರಿಯನ್ನು ಎಂ.ಎಸ್. ರಾಜಶೇಖರ್ ತೆರೆಗೆ ತಂದ ಈ ಚಿತ್ರದಲ್ಲಿ ರಾಜಕುಮಾರ್ ಕಾರ್ಮಿಕ. ಪಂಡರಿಬಾಯಿ ಅವರ ಕಾಯಿಲೆಯ ತಾಯಿ. 1954ರಲ್ಲಿ ಹೆಂಡತಿಯಾಗಿದ್ದವರು ಮೂವತ್ತೆರಡು ವರ್ಷಗಳ ನಂತರ ಅದೇ ನಟನಿಗೆ ತಾಯಿಯಾದರು. 1929ರಲ್ಲಿ ಹುಟ್ಟಿದ ರಾಜಕುಮಾರ್ ಹೆಚ್ಚುಕಡಿಮೆ ಅವರ ಓರಗೆಯವರೇ. ಈ ಪಾತ್ರದ ಮಿತಿ ಕಣ್ಣಿಗೆ ಹೊಡೆಯುವಂತಿದೆ: ತಾಯಿ ಹೆಚ್ಚೇನೂ ಮಾಡುವುದಿಲ್ಲ, ಮಗನ ಸೇವೆಯನ್ನು ಸ್ವೀಕರಿಸುತ್ತಾಳೆ, ಹರಸುತ್ತಾಳೆ. ಆದರೂ ಮೈ ಕೈ ಸ್ವಾಧೀನವಿಲ್ಲದ ಹಿರಿಜೀವ ಮಗನಿಂದ ಸೇವೆ ಮಾಡಿಸಿಕೊಳ್ಳುವಾಗ ಪಡುವ ಮುಜುಗರವನ್ನು ಅವರು ಕಣ್ಣಿನಲ್ಲೇ ತಂದಿದ್ದಾರೆ. ಹೆಮ್ಮೆ ಮತ್ತು ಮುಜುಗರ ಒಟ್ಟಿಗೆ ಇರುವ ಆ ನೋಟದಿಂದಾಗಿ ದೃಶ್ಯ ಬರಿಯ ಉಪದೇಶವಾಗದೆ ಮನೆಯ ಸಂಗತಿಯಾಗುತ್ತದೆ. ಈ ಚಿತ್ರ 1992ರಲ್ಲಿ ತಮಿಳಿನಲ್ಲಿ ‘ಮನ್ನನ್’ ಆದಾಗ ನಾಯಕ ಬದಲಾಗಿ ರಜನಿಕಾಂತ್ ಬಂದರು. ತಾಯಿಯ ಪಾತ್ರಕ್ಕೆ ಮಾತ್ರ ಪಂಡರಿಬಾಯಿಯವರನ್ನೇ ಕರೆಸಲಾಯಿತು. ತಾಯಿಯನ್ನು ಎತ್ತಿಕೊಂಡು ದೇವಸ್ಥಾನಕ್ಕೆ ಹೋಗುವ ಮಗನ ಹಾಡು ಇಂದಿಗೂ ತಮಿಳುನಾಡಿನ ಮನೆಮಾತು.

ಪಂಡರಿಬಾಯಿಯವರ ಅಭಿನಯದಲ್ಲಿ ಮೂರು ಗುಣಗಳು ಎದ್ದು ಕಾಣುತ್ತವೆ. ಮೊದಲನೆಯದು ನುಡಿಯ ಸ್ಪಷ್ಟತೆ. ಎರಡನೆಯದು ಕೇಳುವ ಕಲೆ: ಎದುರಿನವರು ಮಾತಾಡುವಾಗ ಅವರ ಮುಖ ಸುಮ್ಮನಿರುವುದಿಲ್ಲ, ಆದರೆ ಮಾತಾಡುವವರ ಮೇಲಿನ ಗಮನವನ್ನು ಕಸಿಯುವುದೂ ಇಲ್ಲ. ದೊಡ್ಡ ನಾಯಕರು ಅವರನ್ನು ಮತ್ತೆ ಮತ್ತೆ ಎದುರಿಗೆ ಬಯಸಿದ್ದಕ್ಕೆ ಇದು ಮುಖ್ಯ ಕಾರಣವಾಗಿರಬೇಕು. ಮೂರನೆಯದು ಘನತೆ. ಎಷ್ಟೇ ಬಡವಿ, ರೋಗಿ, ಪರಾಧೀನೆಯಾಗಿದ್ದರೂ ಅವರ ಪಾತ್ರ ಕರುಣೆಗಾಗಿ ಕೈಚಾಚುವುದಿಲ್ಲ.

ದೋಷಗಳನ್ನೂ ಹೇಳಬೇಕು. ಒಂದೇ ಅಚ್ಚಿನ ತಾಯಿಯ ಪಾತ್ರಗಳನ್ನು ಸಾಲುಸಾಲಾಗಿ ಒಪ್ಪಿಕೊಂಡಿದ್ದರಿಂದ ಅವರ ಅಭಿನಯದಲ್ಲೂ ಒಂದು ರೂಢಿ ಬೆಳೆಯಿತು. ಸೆರಗಿನ ತುದಿ ಬಾಯಿಗಿಟ್ಟು ಅಳು ತಡೆಯುವುದು, ದೇವರ ಪಟದೆದುರು ಕೈಮುಗಿದು ನಿಲ್ಲುವುದು, ತಲೆ ನೇವರಿಸಿ ಹರಸುವುದು ಚಿತ್ರದಿಂದ ಚಿತ್ರಕ್ಕೆ ಹಾಗೆಯೇ ಬಂದವು. ಬರೆಯುವವರು ಹೊಸತನ್ನು ಕೊಡದಾಗ ಅವರೂ ಹೊಸತನ್ನು ಹುಡುಕಲು ಹೋಗದ ಸಂದರ್ಭಗಳಿವೆ. ‘ಅಂದ ನಾಳ್’ನ ಉಷಾಳ ಎದುರು ಇಟ್ಟರೆ ಇಂಥ ಪಾತ್ರಗಳು ಬಡವಾಗಿ ಕಾಣುತ್ತವೆ.

ಆದರೆ ಇದರ ಹೊಣೆಯ ದೊಡ್ಡ ಪಾಲು ಚಿತ್ರರಂಗದ್ದು. 1986ರಲ್ಲಿ ಐವತ್ತೇಳರ ರಾಜಕುಮಾರ್ ಪ್ರೇಮಕಥೆಯ ನಾಯಕರಾಗಿ ಒಪ್ಪಿಗೆಯಾದರು. ಅವರ ಓರಗೆಯ ನಟಿಗೆ ಉಳಿದದ್ದು ರೋಗಶಯ್ಯೆ. ಇದು ಒಬ್ಬರ ಕಥೆಯಲ್ಲ. 1936ರ ‘ಸಂಸಾರ ನೌಕೆ’ಯ ನಾಯಕಿ, 1943ರಲ್ಲಿ ‘ರಾಧಾರಮಣ’ ನಿರ್ಮಿಸಿದ ಎಂ.ವಿ. ರಾಜಮ್ಮನವರೂ ಮುಂದೆ ತಾಯಿಯ ಪಾತ್ರಗಳಿಗೇ ಸರಿದರು. 1964ರ ‘ಕರ್ಣನ್’ನಲ್ಲಿ ಕುಂತಿಯಾದರು. ನಡುವಯಸ್ಸಿನ ಹೆಣ್ಣಿಗೆ ತನ್ನದೇ ಆಸೆ, ಕೆಲಸ, ತಪ್ಪು, ಹಟ ಇರಬಹುದೆಂದು ಕಥೆಗಾರರು ನೆನೆಯಲೇ ಇಲ್ಲ. ಅವಳು ಯಾರದೋ ತಾಯಿಯಾಗಿ ಮಾತ್ರ ತೆರೆಯ ಮೇಲೆ ಬರಬಹುದಿತ್ತು. ಈ ನಷ್ಟ ನಟಿಯರದಷ್ಟೇ ಅಲ್ಲ, ಕನ್ನಡ ಚಿತ್ರಕಥೆಯದೂ ಹೌದು.

1990ರ ದಶಕದಲ್ಲಿ ನಡೆದ ರಸ್ತೆ ಅಪಘಾತದಲ್ಲಿ ಪಂಡರಿಬಾಯಿ ಒಂದು ಕೈ ಕಳೆದುಕೊಂಡರು. 2003ರ ಜನವರಿ 29ರಂದು ಚೆನ್ನೈನಲ್ಲಿ ನಿಧನರಾದರು.

ರಾಜಕುಮಾರ್ ಅವರ ಮೊದಲ ನಾಯಕಿ ಎಂಬ ಒಂದೇ ಸಾಲಿನಲ್ಲಿ ಪಂಡರಿಬಾಯಿಯವರನ್ನು ಮುಗಿಸುವುದು ವಾಡಿಕೆಯಾಗಿದೆ. ಅದು ಸತ್ಯ, ಆದರೆ ಸಾಲದು. ನೀಲಾ ಮತ್ತು ಉಷಾ ಅವರ ಸಾಮರ್ಥ್ಯಕ್ಕೆ ಸಾಕ್ಷಿ; ‘ಬೆಳ್ಳಿಮೋಡ’ ಮತ್ತು ‘ದೈವಮಗನ್’ ಪೋಷಕ ಪಾತ್ರದ ಘನತೆಗೆ ಸಾಕ್ಷಿ; ಉಳಿದ ಹತ್ತಾರು ತಾಯಂದಿರು ಒಂದು ಕಾಲದ ಚಿತ್ರರಂಗದ ಬಡ ಕಲ್ಪನೆಗೆ ಸಾಕ್ಷಿ. ಕನ್ನಡ ಚಿತ್ರಾಭಿನಯದ ಚರಿತ್ರೆಯನ್ನು ನಾಯಕರ ಸುತ್ತ ಬರೆಯುವುದನ್ನು ಬಿಟ್ಟು ಅವರೆದುರು ನಿಂತು ದೃಶ್ಯ ಗೆಲ್ಲಿಸಿದವರ ಕಡೆಯಿಂದ ಬರೆದರೆ, ಅದರ ಮೊದಲ ಅಧ್ಯಾಯ ಪಂಡರಿಬಾಯಿಯವರಿಗೆ ಸಲ್ಲಬೇಕು.