ಮಿಕ್ಕ ತುಂಡುಗಳು: ಆಯಿಷಾ ಅಬ್ರಹಾಂ ಅವರ ಚಿತ್ರಗಳಲ್ಲಿ ಸ್ಮರಣೆಯ ಪ್ರಶ್ನೆ

ಐದು ಸಾವಿರ ಮಂದಿ ಉಂಡು ತೃಪ್ತರಾದ ಮೇಲೆ ಮಿಕ್ಕ ತುಂಡುಗಳನ್ನು ಒಟ್ಟುಗೂಡಿಸುವಂತೆ ಪ್ರಭು ಶಿಷ್ಯರಿಗೆ ಆಜ್ಞಾಪಿಸಿದರೆಂದು ಸಂತ ಯೊವಾನ್ನರು ಬರೆಯುತ್ತಾರೆ. ಬೆಂಗಳೂರಿನ ಪ್ರಯೋಗಶೀಲ ಚಿತ್ರನಿರ್ದೇಶಕಿ ಆಯಿಷಾ ಅಬ್ರಹಾಂ ಅವರ ಕಲಾಕಾರ್ಯವನ್ನು ಈ ಆಜ್ಞೆಯ ಬೆಳಕಿನಲ್ಲಿ ಓದಬಹುದು.

ಅವರ ಪ್ರಮುಖ ಕೃತಿಗಳ ಮೂಲದ್ರವ್ಯ ಅನ್ಯರು ಚಿತ್ರೀಕರಿಸಿದ ಹಳೆಯ ಸುರುಳಿಗಳು. 2005ರ ‘ಸ್ಟ್ರೈಟ್ 8’ ಬೆಂಗಳೂರಿನ ಆಂಗ್ಲೋ-ಇಂಡಿಯನ್ ಹವ್ಯಾಸಿ ಛಾಯಾಗ್ರಾಹಕ ಟಾಮ್ ಡಿ’ಅಗಿಯಾರ್ ಅವರ ಸುರುಳಿಗಳಿಂದ ಹುಟ್ಟಿತು. ಬೆಂಗಳೂರಿನಲ್ಲೇ ಜನಿಸಿದ ನರ್ತಕ ರಾಮ್ ಗೋಪಾಲ್ (1912–2003) ಕುರಿತ ‘ಐ ಸಾ ಎ ಗಾಡ್ ಡ್ಯಾನ್ಸ್’ ಚಿತ್ರಕ್ಕೂ ಡಿ’ಅಗಿಯಾರ್ ಸೆರೆಹಿಡಿದ ನೃತ್ಯದ ತುಣುಕುಗಳೇ ಪ್ರೇರಣೆ. 1932ರಲ್ಲಿ ಕೊಡಾಕ್ ಸಂಸ್ಥೆ ಬಳಕೆಗೆ ತಂದ 8 ಮಿ.ಮೀ. ಫಿಲ್ಮಿನ ಒಂದು ಸುರುಳಿ ಓಡುವುದು ಸುಮಾರು ನಾಲ್ಕು ನಿಮಿಷ ಮಾತ್ರ, ಅದರಲ್ಲಿ ಧ್ವನಿಯಿಲ್ಲ. ವರ್ಷಗಳು ಉರುಳಿದಂತೆ ಅದು ಹುಳಿವಾಸನೆ ಬೀರುತ್ತಾ ಮುದುಡುತ್ತದೆ. ಕಾಲವು ಮೂಡಿಸಿದ ಗೀರು, ಕಲೆ, ಮಸುಕುಗಳನ್ನು ಅಬ್ರಹಾಂ ಮರೆಮಾಚುವುದಿಲ್ಲ. ಬಿಂಬದ ಅಳಿವೇ ಅವರ ವಸ್ತು. ಪುನರುತ್ಥಿತ ಕ್ರಿಸ್ತರ ದೇಹದಲ್ಲಿ ಗಾಯಗಳು ಉಳಿದವೆಂದು ಸಾರುವ ನಮಗೆ ಈ ಪ್ರಾಮಾಣಿಕತೆ ಪರಕೀಯವಲ್ಲ.

1809ರಲ್ಲಿ ಸ್ಥಾಪಿತವಾದ ದಂಡುಪ್ರದೇಶ 1949ರಲ್ಲಿ ಪೇಟೆಯೊಡನೆ ಒಂದೇ ನಗರಪಾಲಿಕೆಯಾಯಿತು. ಅದರ ಚರಿತ್ರೆಯನ್ನು ಸಾಮಾನ್ಯವಾಗಿ ಸೇನೆ ಮತ್ತು ಆಡಳಿತಗಳ ಕಡತಗಳಿಂದ ಬರೆಯುತ್ತಾರೆ. ಅಬ್ರಹಾಂ ಅದನ್ನು ಒಬ್ಬ ಹವ್ಯಾಸಿಯ ಪ್ರೀತಿಯ ನೋಟದಿಂದ ಓದುತ್ತಾರೆ. ಸ್ವಾತಂತ್ರ್ಯಾನಂತರ ಎಷ್ಟೋ ಆಂಗ್ಲೋ-ಇಂಡಿಯನ್ ಕುಟುಂಬಗಳು ಇಂಗ್ಲೆಂಡ್, ಆಸ್ಟ್ರೇಲಿಯಾಗಳಿಗೆ ವಲಸೆ ಹೋದವು ಎಂಬುದನ್ನು ನೆನೆದಾಗ ಈ ಆಯ್ಕೆಯ ಮಹತ್ವ ತಿಳಿಯುತ್ತದೆ.

ಆದರೂ ಒಂದು ಪ್ರಶ್ನೆ ಉಳಿಯುತ್ತದೆ. ಕ್ಯಾಮೆರಾ ಯಾರ ಕೈಯಲ್ಲಿತ್ತು? ಶಿವಾಜಿನಗರದ ಗಲ್ಲಿಗಳಿಂದ, ಹಲಸೂರಿನಿಂದ ಬಂಗಲೆಗಳಿಗೆ ದುಡಿಯಲು ಹೋಗುತ್ತಿದ್ದ ಅಡುಗೆಯವರು, ಆಯಾಗಳು, ಮಾಲಿಗಳು ತಮ್ಮ ಬದುಕನ್ನು ತಾವೇ ಚಿತ್ರೀಕರಿಸಿಕೊಳ್ಳುವ ಸ್ಥಿತಿಯಲ್ಲಿರಲಿಲ್ಲ. ಸಿಕ್ಕಿದ ಸುರುಳಿಯನ್ನೇ ಅವಲಂಬಿಸುವ ಕಲೆಗೆ ಇದು ಅನಿವಾರ್ಯ ಮಿತಿ. ನೊಂದವರ ನೆನಪು ವರ್ತಮಾನದ ನೆಮ್ಮದಿಯನ್ನು ಕದಡಬೇಕೆಂಬ ಅರ್ಥದಲ್ಲಿ ಯೊಹಾನ್ ಬ್ಯಾಪ್ಟಿಸ್ಟ್ ಮೆಟ್ಸ್ ‘ಅಪಾಯಕಾರಿ ಸ್ಮರಣೆ’ಯ ಮಾತನ್ನಾಡಿದರು. ಹಳೆಯ ಬಿಂಬದ ಸೊಬಗು ನಮ್ಮನ್ನು ಕೇವಲ ಹಂಬಲದಲ್ಲಿ ತೇಲಿಸಿದರೆ ಸ್ಮರಣೆ ಅರ್ಧದಲ್ಲೇ ನಿಲ್ಲುತ್ತದೆ.

ಬಲಿಪೂಜೆಯ ಸ್ಮರಣೆ ಈ ಮಿತಿಯನ್ನು ದಾಟುತ್ತದೆ. ಅಲ್ಲಿ ಹೆಸರು ಹೇಳಿ ನೆನೆಯುವ ಕೆಲವರೊಡನೆ, ಯಾವ ಕುರುಹನ್ನೂ ಉಳಿಸದೆ ತೀರಿಕೊಂಡ ಸಕಲರನ್ನೂ ದೇವರಿಗೆ ಒಪ್ಪಿಸುತ್ತೇವೆ. ದೇವರ ನೆನಪಿಗೆ ಫಿಲ್ಮು ಬೇಕಿಲ್ಲ. ಹಾಗೆಂದು ನಮ್ಮ ಹೊಣೆ ಕಳೆಯುವುದಿಲ್ಲ. ತುಂಡುಗಳನ್ನು ಕೂಡಿಸುವ ಕೆಲಸವನ್ನು ಪ್ರಭು ಶಿಷ್ಯರಿಗೇ ವಹಿಸಿದರು. ಧರ್ಮಕೇಂದ್ರಗಳ ಬೀರುಗಳಲ್ಲಿ ಗೆದ್ದಲು ಹಿಡಿಯುತ್ತಿರುವ ಜ್ಞಾನಸ್ನಾನದ ದಾಖಲೆಗಳು, ಜಾತ್ರೆಯ ಛಾಯಾಚಿತ್ರಗಳು, ಉಪದೇಶಿಗಳ ಟಿಪ್ಪಣಿಗಳು ಯಾರ ಕೈಗಾಗಿ ಕಾಯುತ್ತಿವೆ? ಅಬ್ರಹಾಂ ಅವರ ಚಿತ್ರಗಳು ಗುರುಮಠದ ತರಗತಿಗಳನ್ನು ಪ್ರವೇಶಿಸಬೇಕಾದುದು ಈ ಪ್ರಶ್ನೆಗಾಗಿ.