ಕಡೆಗಣಿಸಿದವರ ಕಡೆಗೊಂದು ಕಣ್ಣು: ಟಿ. ಎಸ್. ಸತ್ಯನ್ ಅವರ ಛಾಯಾಚಿತ್ರಕಲೆ

ಛಾಯಾಚಿತ್ರವೆಂದರೆ ಮದುವೆ, ಗೃಹಪ್ರವೇಶಗಳ ನೆನಪಿಗೆ, ಇಲ್ಲವೆ ಗಣ್ಯರ ಸನ್ಮಾನದ ಸಾಕ್ಷಿಗೆ ಬೇಕಾದ ವಸ್ತುವೆಂದು ಭಾವಿಸುವುದು ನಮ್ಮಲ್ಲಿ ರೂಢಿ. ಆ ರೂಢಿಯನ್ನು ಮೀರಿ, ಯಾರೂ ತಿರುಗಿ ನೋಡದ ಜನರ ನಿತ್ಯಜೀವನವನ್ನೇ ತಮ್ಮ ಕಲೆಯ ವಸ್ತುವನ್ನಾಗಿ ಮಾಡಿಕೊಂಡವರು ಮೈಸೂರಿನ ಶ್ರೀ ಟಿ. ಎಸ್. ಸತ್ಯನ್ (1923–2009). ಡೆಕ್ಕನ್ ಹೆರಾಲ್ಡ್ ಪತ್ರಿಕೆಯಲ್ಲಿ ದುಡಿದು, ಮುಂದೆ ಲೈಫ್ ಮೊದಲಾದ ವಿದೇಶೀ ಪತ್ರಿಕೆಗಳಿಗೂ ಚಿತ್ರ ಒದಗಿಸಿದ ಅವರಿಗೆ 1977ರಲ್ಲಿ ಪದ್ಮಶ್ರೀ ಸಂದಿತು. 2005ರಲ್ಲಿ ‘ಅಲೈವ್ ಅಂಡ್ ಕ್ಲಿಕಿಂಗ್’ ಎಂಬ ಆತ್ಮಕಥನ ಪ್ರಕಟವಾಯಿತು.

ವಿಶ್ವ ಆರೋಗ್ಯ ಸಂಸ್ಥೆಗಾಗಿ ಅವರು ಸಿಡುಬು ನಿರ್ಮೂಲನ ಕಾರ್ಯವನ್ನು ಚಿತ್ರಿಸಿದರು. ನಮ್ಮ ದೇಶದಲ್ಲಿ ಆ ರೋಗದ ಕೊನೆಯ ಪ್ರಕರಣ ಕಂಡುದು 1975ರಲ್ಲಿ. 1980ರಲ್ಲಿ ಜಗತ್ತೇ ಅದರಿಂದ ಮುಕ್ತವೆಂದು ಘೋಷಿಸಲಾಯಿತು. ಗೆಲುವು ದೊರೆತ ಮೇಲೆ ಮನೆಮನೆಯ ಬಾಗಿಲು ತಟ್ಟಿ ಲಸಿಕೆ ಹಾಕಿದವರನ್ನು ನೆನೆಯುವವರಾರು? ಅವರ ಶ್ರಮಕ್ಕೆ ಉಳಿದ ಸಾಕ್ಷ್ಯಗಳಲ್ಲಿ ಇಂಥ ಚಿತ್ರಗಳೂ ಸೇರಿವೆ. 1979ರ ಅಂತರರಾಷ್ಟ್ರೀಯ ಮಕ್ಕಳ ವರ್ಷದಲ್ಲಿ ಸತ್ಯನ್ ಅವರು ತೆಗೆದ ಮಕ್ಕಳ ಚಿತ್ರಗಳು ನ್ಯೂಯಾರ್ಕಿನ ವಿಶ್ವಸಂಸ್ಥೆಯ ಕೇಂದ್ರದಲ್ಲಿ ಪ್ರದರ್ಶಿತವಾದವು.

ಇಲ್ಲೊಂದು ಆಕ್ಷೇಪ ಏಳುವುದುಂಟು. ಬಡಮಗುವಿನ ನಗುವನ್ನು ಸೊಗಸಾಗಿ ಚಿತ್ರಿಸುವುದು ಬಡತನವನ್ನೇ ಸೊಗಸುಗೊಳಿಸಿದಂತಲ್ಲವೆ? ಈ ಮಾತನ್ನು ಹಗುರವಾಗಿ ತಳ್ಳಿಹಾಕಲಾಗದು. ಆದರೆ ದೈನ್ಯವನ್ನು ಮೆರೆಸಿ ಮರುಕ ಗಿಟ್ಟಿಸುವ ಚಿತ್ರ, ನೋಡುವವನನ್ನು ದಾನಿಯ ಪೀಠದಲ್ಲಿ ಕೂರಿಸುತ್ತದೆ. ಸತ್ಯನ್ ಅವರ ಚಿತ್ರ ಹಾಗೆ ಮಾಡುವುದಿಲ್ಲ. ಅಲ್ಲಿರುವವನು ನಮಗೆ ಸಮಾನನಾಗಿ ನಿಲ್ಲುತ್ತಾನೆ. ಇದೇ ಅವರ ಕಲೆಯ ಹಿರಿಮೆ. ಅದರ ಮಿತಿಯೂ ಸ್ಪಷ್ಟವೇ: ಚಿತ್ರ ದುಡಿಮೆಯನ್ನು ತೋರಿಸಬಲ್ಲದು, ಕೂಲಿಯನ್ನೂ ಸಾಲವನ್ನೂ ತೋರಿಸಲಾರದು. ಆ ಕೊರತೆಯನ್ನು ತುಂಬಬೇಕಾದುದು ಬರಹ.

ಈ ವಿಚಾರ ಜಂಗಮಕೋಟೆಯ ಸುತ್ತಿನ ನಮಗೆ ದೂರದ್ದಲ್ಲ. ನಮ್ಮ ಶಿಡ್ಲಘಟ್ಟ ಸೀಮೆ ರೇಷ್ಮೆಗೆ ಹೆಸರಾದುದು. ಸೀರೆಯ ಸೆರಗನ್ನು ಹೊಗಳದವರಿಲ್ಲ. ಆದರೆ ಇರುಳೆದ್ದು ಹುಳುವಿಗೆ ಸೊಪ್ಪು ಹಾಕಿ, ಹಣ್ಣಾದ ಹುಳುಗಳನ್ನು ಚಂದ್ರಿಕೆಗೆ ಬಿಡುವ ಮನೆಯಾಕೆಯನ್ನು, ಬಿಸಿನೀರಿನಲ್ಲಿ ಬೆಂದ ಗೂಡುಗಳಿಂದ ಎಳೆ ಹುಡುಕುತ್ತ ಬೆರಳ ತುದಿ ಬಿಳಿಚಿ ಸುಕ್ಕುಗಟ್ಟಿದ ನೂಲುಗಾರರನ್ನು ಕಣ್ತುಂಬ ಕಂಡವರೆಷ್ಟು ಮಂದಿ? ಸ್ವಯಂಚಾಲಿತ ಯಂತ್ರಗಳು ಬಂದಂತೆ ಈ ಕೈಕೆಲಸ ಹಿಂದೆ ಸರಿಯುತ್ತಿದೆ. ಅದು ಮರೆಯಾದ ಬಳಿಕ ಅದನ್ನು ಚಿತ್ರಿಸಲು ಯಾರಿಂದಲೂ ಆಗದು.

ಇಂದು ಕ್ಯಾಮೆರಾ ಮೊಬೈಲಿನೊಳಗೇ ಸೇರಿ ಎಲ್ಲರ ಕೈಗೂ ಬಂದಿದೆ. ಕೊರತೆಯಿರುವುದು ನಿಂತು ನೋಡುವ ಕಣ್ಣಿಗೆ. ನಮ್ಮ ಯುವಕ ಯುವತಿಯರು ಆ ಮನೆಗಳಿಗೆ ಹೋಗಿ, ಒಪ್ಪಿಗೆ ಕೇಳಿ ಚಿತ್ರ ತೆಗೆಯಲಿ. ದುಡಿಯುವವರ ಹೆಸರು, ಊರು, ದಿನಗೂಲಿಗಳನ್ನು ಅವರೊಪ್ಪಿದರೆ ಜೊತೆಗೇ ಬರೆದಿಡಲಿ. ಸತ್ಯನ್ ಅವರ ಚಿತ್ರಗಳನ್ನು ಮೆಚ್ಚಿದವರು ಮಾಡಬಹುದಾದ ಕೆಲಸಗಳಲ್ಲಿ ಇದಕ್ಕಿಂತ ಸಾರ್ಥಕವಾದುದು ಇರಲಾರದು.