ಗ್ರಹವನ್ನು ತಿದ್ದಹೊರಟ ವಿಜ್ಞಾನಿ: ‘ಡ್ಯೂನ್’ ಕಾದಂಬರಿಯ ಒಂದು ಕಲ್ಪಿತ ವೃತ್ತಿ

ಇಲ್ಲದ ವೃತ್ತಿಯೊಂದನ್ನು ಕಲ್ಪಿಸಿ, ಅದಕ್ಕೆ ಪದವಿ, ಪರಿಭಾಷೆ, ಗುರುಪರಂಪರೆಗಳನ್ನು ಕಟ್ಟಿಕೊಡುವುದು ವೈಜ್ಞಾನಿಕ ಕಾದಂಬರಿಗಳಲ್ಲಿ ಹಳೆಯ ಕ್ರಮವೇ. ಅಂತಹ ವೃತ್ತಿಯ ಮೂಲಕ ಜ್ಞಾನದ ಅಧಿಕಾರವನ್ನೇ ಪರೀಕ್ಷೆಗೆ ಒಡ್ಡಿದ ಕೃತಿಗಳು ವಿರಳ. ಅಮೆರಿಕದ ಲೇಖಕ ಫ್ರಾಂಕ್ ಹರ್ಬರ್ಟ್ 1965ರಲ್ಲಿ ಪ್ರಕಟಿಸಿದ ‘ಡ್ಯೂನ್’ ಆ ವಿರಳ ಕೃತಿಗಳಲ್ಲೊಂದು. ಚಕ್ರವರ್ತಿಯಿಂದ ನೇಮಕಗೊಂಡ ಅದರ ‘ಪ್ಲಾನೆಟಾಲಜಿಸ್ಟ್’, ಅಂದರೆ ಗ್ರಹವಿಜ್ಞಾನಿ, ಒಂದು ಕಾಡನ್ನೋ ಒಂದು ಕೆರೆಯನ್ನೋ ಅಭ್ಯಸಿಸುವವನಲ್ಲ. ಇಡೀ ಗ್ರಹವನ್ನು ಒಂದೇ ಜೀವವ್ಯವಸ್ಥೆಯೆಂದು ಓದುವವನು. ಅವನ ಕ್ಷೇತ್ರಕಾರ್ಯ ನಡೆಯುವುದು ಮರಳಿನ ಮೇಲಾದರೂ ಅವನು ನಿಜವಾಗಿ ವ್ಯವಹರಿಸುವುದು ಕಾಲದ ಆಯಾಮದೊಡನೆ. ಮರುಭೂಮಿ ಗ್ರಹವಾದ ಅರಾಕಿಸ್ ಹಸಿರಾಗಲು ಮೂರರಿಂದ ಐದು ಶತಮಾನಗಳು ಬೇಕೆಂಬುದು ಮೊದಲ ಗ್ರಹವಿಜ್ಞಾನಿ ಪಾರ್ಡೋ ಕೈನ್ಸ್‌ನ ಲೆಕ್ಕ. ಅದನ್ನು ಹಾಕಿದವನೂ ನಂಬಿದವರೂ ಫಲವನ್ನು ಕಾಣುವಂತಿಲ್ಲ.

ಈ ವೃತ್ತಿಯ ಕಲ್ಪನೆಗೆ ನೆಲದ ಆಧಾರವಿದೆ. ಆರೆಗನ್ ರಾಜ್ಯದ ಫ್ಲಾರೆನ್ಸ್ ಪಟ್ಟಣದ ಬಳಿ ಸರಿದಾಡುವ ಮರಳುದಿಬ್ಬಗಳನ್ನು ಹುಲ್ಲು ನೆಟ್ಟು ನಿಲ್ಲಿಸುವ ಕೆಲಸ ನಡೆದಿತ್ತು. 1957ರಲ್ಲಿ ಹರ್ಬರ್ಟ್ ಅದರ ಕುರಿತು ಪತ್ರಿಕಾ ಲೇಖನವೊಂದನ್ನು ಬರೆಯಹೊರಟನು. ಆ ಲೇಖನ ಅವನ ಜೀವಿತಕಾಲದಲ್ಲಿ ಬೆಳಕು ಕಾಣಲಿಲ್ಲ. ಕಾದಂಬರಿಯಲ್ಲಿ ಕೈನ್ಸ್ ಹಳೆಯ ದಿಬ್ಬಗಳ ಗಾಳಿಮರೆಯ ಇಳಿಜಾರಿನಲ್ಲಿ ಮೊದಲು ಬಡಹುಲ್ಲನ್ನು ಹಿಡಿಸುತ್ತಾನೆ. ಇದು ಆರೆಗನ್‌ನ ವಿಧಾನದ್ದೇ ವಿಸ್ತರಣೆ. ಕೃತಿ ಅರ್ಪಿತವಾಗಿರುವುದೂ ಒಣಭೂಮಿಯ ಪರಿಸರ ವಿಜ್ಞಾನಿಗಳಿಗೆ. ಕಾದಂಬರಿಯನ್ನು ಆ ವೃತ್ತಿಯ ಸ್ತುತಿಯೆಂದು ಓದಲು ಇಷ್ಟು ಸಾಕಾಗಿದೆ. ಆ ಓದು ಅಪೂರ್ಣವಾದುದು.

ಯುಲಿಯೆಟ್‌ನ ಪ್ರಸಂಗವನ್ನೇ ನೋಡಬಹುದು. ಅರಾಕಿಸ್‌ನ ಮೂಲವಾಸಿಗಳಾದ ಫ್ರೆಮೆನ್‌ರು ಹೊರಗಿನಿಂದ ಬಂದ ಕೈನ್ಸ್‌ನನ್ನು ಕೊಲ್ಲಲು ನಿಶ್ಚಯಿಸಿ ಯುಲಿಯೆಟ್‌ನನ್ನು ಕಳುಹಿಸುತ್ತಾರೆ. ನೀರು, ಹುಲ್ಲು, ಮರಗಳ ಮಾತಿನಲ್ಲಿ ಮುಳುಗಿದ್ದ ಕೈನ್ಸ್ ಕತ್ತಿ ಹಿಡಿದವನಿಗೆ ದಾರಿ ಬಿಡುವಂತೆ ಹೇಳಿ ಮುಂದೆ ನಡೆಯುತ್ತಾನೆ. ಯುಲಿಯೆಟ್ ತನ್ನ ಕತ್ತಿಗೆ ತಾನೇ ಬಲಿಯಾಗುತ್ತಾನೆ. ಅಲ್ಲಿಂದಾಚೆಗೆ ಕೈನ್ಸ್ ಬಾಯಿ ತೆರೆದರೆ ಅದೇ ಆಜ್ಞೆ. ಜನ ಒಪ್ಪಿದ್ದು ಅವನ ಅಂಕಿಅಂಶಗಳನ್ನಲ್ಲ, ಒಂದು ಪವಾಡವನ್ನು. ವಿಜ್ಞಾನವು ಮತವಾಗಿ ಪರಿವರ್ತನೆಗೊಳ್ಳುವ ಈ ಗಳಿಗೆಯನ್ನು ಹರ್ಬರ್ಟ್ ಒಂದೆರಡು ವಾಕ್ಯಗಳಲ್ಲಿ, ಬಹುಮಟ್ಟಿಗೆ ಹಾಸ್ಯದ ಧಾಟಿಯಲ್ಲಿ ಹೇಳಿ ಮುಗಿಸುತ್ತಾನೆ. ಕೃತಿಯ ಅತ್ಯಂತ ಭಯಾನಕ ಭಾಗವೆಂದರೆ ಬಹುಶಃ ಇದೇ. ಕನ್ನಡದ ಓದುಗನಿಗೆ ಇಲ್ಲಿ ಪೂರ್ಣಚಂದ್ರ ತೇಜಸ್ವಿಯವರ ‘ಕರ್ವಾಲೊ’ (1980) ನೆನಪಾಗದಿರದು. ಅಲ್ಲಿಯೂ ವಿಜ್ಞಾನಿ ಲಕ್ಷಾಂತರ ವರ್ಷಗಳ ಕಾಲದೊಡನೆ ವ್ಯವಹರಿಸುತ್ತಾನೆ. ಆದರೆ ಹಾರುವ ಓತಿಯತ್ತ ಅವನನ್ನು ಒಯ್ಯುವುದು ಹಳ್ಳಿಗರ ಲೇವಡಿಗೆ ಗುರಿಯಾದ ಮಂದಣ್ಣನ ಕಣ್ಣು. ಕರ್ವಾಲೊ ಮಂದಣ್ಣನಿಂದ ಕಲಿಯಬಲ್ಲ. ಕೈನ್ಸ್ ಫ್ರೆಮೆನ್‌ರಿಗೆ ಕಲಿಸಬಲ್ಲ, ಅಷ್ಟೇ.

ಫ್ರೆಮೆನ್‌ರಿಂದ ಕಲಿಯಬೇಕಾದುದು ಏನೂ ಇರಲಿಲ್ಲವೆಂದಲ್ಲ. ಎಳೆಯ ಮರಳುಹುಳುವನ್ನು ನೀರಿನಲ್ಲಿ ಮುಳುಗಿಸಿ ಕೊಲ್ಲುವುದು ಅವರ ಧಾರ್ಮಿಕ ಆಚರಣೆಯ ಭಾಗ. ನೀರು ಹುಳುವಿಗೆ ವಿಷವೆಂಬ ಸತ್ಯ ಆ ಆಚರಣೆಯೊಳಗೇ ಇದೆ. ಇಡೀ ಸಾಮ್ರಾಜ್ಯ ಅವಲಂಬಿಸಿರುವ ಮೆಲಾಂಜ್ ಎಂಬ ದ್ರವ್ಯ ಹುಟ್ಟುವುದೂ ಆ ಹುಳುವಿನ ಜೀವನಚಕ್ರದಿಂದಲೇ. ಕೈನ್ಸ್ ಈ ಆವರ್ತವನ್ನು ಕಾಣದವನಲ್ಲ. ಆದರೆ ಅವನ ಲೆಕ್ಕದ ಮಾನದಂಡ ನೀರೊಂದೇ. ಮರುಭೂಮಿಯ ಒಂದು ಪಾಲನ್ನು ಉಳಿಸಿಕೊಳ್ಳಬಹುದೆಂಬ ಭರವಸೆ ಕಾದಂಬರಿಯ ಕೊನೆಯವರೆಗೂ ಕೇಳಿಬರುತ್ತದೆ. 1976ರ ‘ಚಿಲ್ಡ್ರನ್ ಆಫ್ ಡ್ಯೂನ್’ನಲ್ಲಿ ಹಬ್ಬುವ ಹಸಿರು ಹುಳುಗಳ ಅಳಿವಿನ ಸೂಚನೆಯಾಗುತ್ತದೆ, 1981ರ ‘ಗಾಡ್ ಎಂಪರರ್ ಆಫ್ ಡ್ಯೂನ್’ನ ಹೊತ್ತಿಗೆ ಮರುಭೂಮಿಯೇ ಕಾಯ್ದಿರಿಸಿದ ತುಂಡುನೆಲವಾಗಿದೆ.

ಈ ಬಿರುಕು ಮೊದಲ ಕಾದಂಬರಿಯ ರಚನೆಯಲ್ಲೇ ಅಡಗಿದೆ. ಪಾರ್ಡೋನ ಸಾಧನೆಯ ಕಥನವಿರುವುದು ಅನುಬಂಧದಲ್ಲಿ, ವಿದ್ವತ್ ವರದಿಯ ಗಂಭೀರ ಭಾಷೆಯಲ್ಲಿ. ಅವನ ಮಗ ಹಾಗೂ ಉತ್ತರಾಧಿಕಾರಿ ಲಿಯೆಟ್‌ನ ಸಾವು ಇರುವುದು ಮುಖ್ಯ ಕಥನದಲ್ಲಿ. ಶತ್ರುಗಳು ಮರಳಿನಲ್ಲಿ ಬಿಟ್ಟುಹೋದ ಲಿಯೆಟ್‌ನಿಗೆ ಕೊನೆಯ ಭ್ರಮೆಯಲ್ಲಿ ಸತ್ತ ತಂದೆಯ ಉಪನ್ಯಾಸ ಕೇಳಿಸುತ್ತದೆ. ಅದನ್ನು ನಿಲ್ಲಿಸಲು ಅವನಿಂದಾಗದು. ಅಡಿಯಲ್ಲಿ ಹುದುಗುತ್ತಿರುವ ಅನಿಲದ ಗುಳ್ಳೆಯನ್ನು ಅವನು ಶಾಸ್ತ್ರೀಯವಾಗಿ ಗುರುತಿಸುತ್ತಾನೆ. ಅದು ಒಡೆದು ಅವನನ್ನು ನುಂಗುತ್ತದೆ. ತಂದೆಯೂ ಉಳಿದ ವಿಜ್ಞಾನಿಗಳೂ ತಪ್ಪಿದರೆಂದೂ, ವಿಶ್ವದಲ್ಲಿ ಸ್ಥಿರವಾದುವು ಆಕಸ್ಮಿಕ ಮತ್ತು ಪ್ರಮಾದಗಳೆಂದೂ ಅವನಿಗೆ ಹೊಳೆಯುವುದು ಆಗ. ಅನುಬಂಧವನ್ನು ಕಥನಕ್ಕಿಂತ ಹೆಚ್ಚು ನಂಬಿದ ವಿಮರ್ಶೆ ಹರ್ಬರ್ಟ್‌ನನ್ನು ಅವನಿಗಿಂತ ಸರಳನನ್ನಾಗಿಸಿದೆ.

ಆರೆಗನ್‌ನ ಹುಲ್ಲಿನ ಕಥೆಯೂ ಅಲ್ಲಿಗೇ ಮುಗಿಯಲಿಲ್ಲ. ಯೂರೋಪಿನಿಂದ ತಂದ ಆ ಹುಲ್ಲು ನಿರೀಕ್ಷೆ ಮೀರಿ ಹಬ್ಬಿ, ತೆರೆದ ಮರಳಿನಲ್ಲಿ ಗೂಡುಕಟ್ಟುವ ಸ್ನೋಯಿ ಪ್ಲವರ್ ಹಕ್ಕಿಯ ನೆಲೆಯನ್ನು ಆಕ್ರಮಿಸಿತು. 1993ರಲ್ಲಿ ಆ ಕರಾವಳಿಯ ಪ್ಲವರ್ ಸಂಕುಲವನ್ನು ಅಪಾಯಕ್ಕೊಳಗಾದವುಗಳ ಪಟ್ಟಿಗೆ ಸೇರಿಸಲಾಯಿತು. ದಿಬ್ಬಗಳು ಮತ್ತೆ ಸರಿದಾಡಲೆಂದು ಅಲ್ಲಿ ಹುಲ್ಲನ್ನು ಕಿತ್ತುಹಾಕುವ ಕಾರ್ಯವನ್ನು ಕೈಗೊಳ್ಳಲಾಗಿದೆ.